ಗಿಣ್ಣಿನ ತರ

ಆಶಾರಾಣಿ ಆ ಒಂದು ಮಾತು ಆಡದೆ ಇದ್ದಿದ್ದರೆ ಎಲ್ಲ ಸರಿಯಾಗಿಯೇ ಇರುತ್ತಿತ್ತು. ಹೊನ್ನೂರಿನ ಅತ್ತೆಮನೆಯಲ್ಲಿ ಅಂದು ನಾದಿನಿ ಕೋಮಲಳ ಮಗುವಿಗೆ ಹೆಸರಿಡುವ ಶಾಸ್ತ್ರ. ಅಡಿಗೆಯವರು ಬಂದಿದ್ದರೂ, "ನಂದೂ ಒಂದು ಐಟಂ ಇರ್ಲಿ ಅತ್ತೆ" ಎಂದು ಹಟ ಹಿಡಿದು ಆಲೂಗೆಡ್ಡೆ ಬೇಯಿಸಿದಳು. ಅದನ್ನು ಬಿಲ್ಲೆಬಿಲ್ಲೆಯಾಗಿ ಹೆಚ್ಚಿ, ಹಾಲು, ಬೆಣ್ಣೆ, ಮೈದಾ ಕಲಸಿ ಕುದಿಸಿದ್ದನ್ನು ಸುರಿದು, ಮೇಲೆ ಕೊಳ್ಳೇಗಾಲದಿಂದ ತರಿಸಿದ ಚೀಸ್ ತುರಿದು ಹರಡಿದಳು. ಆ ಮನೆಗೆ ಓವನ್ ಎಲ್ಲಿಂದ ಬರಬೇಕು? ದೊಡ್ಡ ತಪ್ಪಲೆಯ ತಳಕ್ಕೆ ಮರಳು ಹಾಕಿ, ಅದರೊಳಗೆ ಪಾತ್ರೆ ಕೂರಿಸಿ, ಮುಚ್ಚಳದ ಮೇಲೂ ಕೆಂಡ ಹರವಿ, ಹಿತ್ತಲ ಒಲೆಯ ಮೇಲೆ ಬೇಯಲು ಬಿಟ್ಟಳು.

ನೆಂಟರಿಗೆ ಅನ್ನುವುದು ಬಾಯಿಮಾತು. ಮಾಡಿದ್ದು ಅಪ್ಪನಿಗೆ. ಮುಳ್ಳೂರಿನ ಶಿವನಂಜಯ್ಯನಿಗೆ ದವಡೆ ಆಪರೇಷನ್ ಆದ ಮೇಲೆ ಮುದ್ದೆ ಗಂಟಲಲ್ಲಿ ಇಳಿಯುತ್ತಿರಲಿಲ್ಲ, ಖಾರ ನಾಲಿಗೆಗೆ ತಾಕುವಂತಿರಲಿಲ್ಲ. "ಗಂಜಿ ಕುಡ್ದೂ ಕುಡ್ದೂ ನಾಲ್ಗೇನೇ ಸತ್ತೋಗದೆ ಕಣವ್ವ. ಊಟದ್ ಮನೆಗೆ ನಾನ್ಯಾಕೆ?" ಎಂದಿದ್ದ ಫೋನಿನಲ್ಲಿ. "ನೀನು ಉಣ್ಣೋ ಅಂತದ್ದು ಒಂದು ಮಾಡ್ತೀನಿ, ಬಾ ಅಪ್ಪ" ಎಂದು ಇವಳೇ ಕರೆಸಿಕೊಂಡಿದ್ದಳು. ಆದರೆ ಸೊಸೆಯಾದವಳು ತವರಿನವರಿಗೆಂದು ಬೇರೆ ಒಲೆ ಹಚ್ಚಿದರೆ ಊರಿನ ಬಾಯಿಗೆ ಅದೇ ಒಂದು ಹಬ್ಬ. ಅದಕ್ಕೇ ಎಲ್ಲರ ಹೆಸರಿನಲ್ಲಿ ಅಪ್ಪನ ಊಟ.

ಮುಚ್ಚಳ ತೆಗೆದಾಗ ಘಮ ನಡುಮನೆಯವರೆಗೂ ಹೋಯಿತು. ಅತ್ತೆ ರಂಗಮ್ಮ ಬಂದು ಬಗ್ಗಿ ನೋಡಿದಳು.

"ಮ್ಯಾಲಿಂದು ಏನವ್ವ ಇದು?"

"ಚೀಸು ಅತ್ತೆ. ಹಾಲಲ್ಲೇ ಮಾಡೋದು. ನಮ್ಮ ಗಿಣ್ಣಿನ ತರ."

ಮಾತು ಆಡಿದರೆ ಹೋಯಿತು. ರಂಗಮ್ಮನಿಗೆ 'ತರ' ಕೇಳಿಸಲಿಲ್ಲ, ಗಿಣ್ಣು ಮಾತ್ರ ಕೇಳಿಸಿತು. ಆ ಮನೆಯಲ್ಲಿ ಹಸು ಈದರೆ ಗಿಣ್ಣು ಮೊದಲು ಮಾದಪ್ಪನಿಗೆ ಎಡೆಯಾಗಬೇಕು, ಆಮೇಲೆ ಮನುಷ್ಯರ ಬಾಯಿಗೆ. ಸಾಲದ್ದಕ್ಕೆ ಕೊಟ್ಟಿಗೆಯಲ್ಲಿ ಗಬ್ಬದ ಹಸುವೊಂದು ಇಂದೋ ನಾಳೆಯೋ ಎನ್ನುವ ಹಾಗೆ ನಿಂತಿತ್ತು; ದೇವರ ಮೀಸಲು ತಪ್ಪಿದರೆ ಅದಕ್ಕೇ ಕೇಡು.

"ಯಾರ್ ಅಸೀನ್ ಹಾಲೋ ಏನೋ, ಮೀಸ್ಲು ಕೊಟ್ಟವ್ರೋ ಇಲ್ವೋ. ಜಡೇಸ್ವಾಮಿ ಬಂದು ಪೂಜೆ ಮಾಡ್ಲಿ, ಆಮ್ಯಾಕೆ ಉಣ್ಣವ."

"ಗಿಣ್ಣಲ್ಲ ಅತ್ತೆ, ಅಂಗ್ಡೀದು ಇದು."

"ಅಂಗ್ಡಿಯವ್ನೇ ಈಯ್ತಾನಾ? ಈಯೋದು ಅಸ್ವೇ ತಾನೆ?"

ಪಾತ್ರೆ ದೇವರ ಮುಂದೆ ಹೋಗಿ ಕೂತಿತು, ಮೇಲೆ ಬಾಳೆ ಎಲೆ ಮುಚ್ಚಿತು. ದೇವರು ಕೊಟ್ಟರೂ ಪೂಜಾರಿ ಕೊಡ ಅಂತಾರೆ, ಇಲ್ಲಿ ಪೂಜಾರಿಯೇ ಊರಲ್ಲಿರಲಿಲ್ಲ. ಜಡೇಸ್ವಾಮಿ ಮಾಂಬಳ್ಳಿಗೆ ಹೋಗಿದ್ದ, ಫೋನು ಎತ್ತಲಿಲ್ಲ.

ಪಂಕ್ತಿ ಕೂತಿತು. ಶಿವನಂಜಯ್ಯ ತುಂಬಿದ ಎಲೆಯ ಮುಂದೆ ಮಜ್ಜಿಗೆ ಅನ್ನವನ್ನು ಕಿವುಚುತ್ತಾ ಕೂತಿದ್ದ. ಆಶಾರಾಣಿ ಗಂಡ ದೇವರಾಜುವನ್ನು ಮೂಲೆಗೆ ಕರೆದು, "ನಿಮ್ಮವ್ವಂಗೆ ನೀವಾದ್ರೂ ಹೇಳ್ರಿ" ಎಂದಳು.

"ದೇವ್ರ ಇಸ್ಯಕ್ಕೆ ನಾನ್ ಬಾಯಾಕಲ್ಲ" ಎಂದು ಅವನು ಹಪ್ಪಳದ ಬುಟ್ಟಿ ಎತ್ತಿಕೊಂಡು ಹೋದ.

ಕೈ ತೊಳೆಯುವಾಗ ಅಪ್ಪ ಮೆಲ್ಲಗೆ ಕೇಳಿದ, "ಏನೋ ಮಾಡಿವ್ನಿ ಅಂದಿದ್ಯಲ್ಲವ್ವ?"

ಅವಳು ದೇವರ ಗೂಡಿನ ಕಡೆ ಕೈ ತೋರಿಸಿದಳು. ಅವನು ನೋಡಿದ, ಕೈ ಮುಗಿದ. "ಮಾದಪ್ಪಂದಾ? ಇರ್ಲಿ ಬುಡವ್ವ. ಅವನು ಉಂಡ್ರೆ ನಾನು ಉಂಡಂಗೆ." ಸಂಜೆಯ ಬಸ್ಸು ಸಿಕ್ಕಲ್ಲ ಎಂದು ಮಧ್ಯಾಹ್ನವೇ ಆಟೋ ಹತ್ತಿದ. ಇವಳು ಹಿತ್ತಲಿಗೆ ಹೋಗಿ ಅತ್ತಳು. ಕೇಳಿದವರಿಗೆ ಒಲೆ ಹೊಗೆ ಅಂದಳು.

ದೀಪ ಹಚ್ಚುವ ಹೊತ್ತಿಗೆ ಜಡೇಸ್ವಾಮಿ ಬಂದ, ಪೂಜೆ ಆಯಿತು. ಮತ್ತೆ ಬಿಸಿ ಮಾಡಿದ್ದನ್ನು ಎಲ್ಲರೂ ಕೇಳಿ ಕೇಳಿ ಹಾಕಿಸಿಕೊಂಡರು. ರಂಗಮ್ಮನೂ ಬಾಯಿ ಚಪ್ಪರಿಸಿದಳು.

"ಬೆಣ್ಣೆ ಇದ್ದಂಗದೆ ಕಣವ್ವ, ಅಗಿಯಂಗೇ ಇಲ್ಲ." ಹಾಗೆನ್ನುತ್ತಲೇ ಅವಳ ಕೈ ನಿಂತಿತು. "ಅಯ್ಯೋ, ನಿಮ್ಮಪ್ಪ ಉಣ್ಣೋ ಊಟ ಅಲ್ವಾ ಇದು. ಪಾಪ, ಗಂಜೀಲೇ ಅವ್ರೆ. ನೀನಾರ ಒಂದು ಮಾತು ಯೋಳ್ಬಾರ್ದಾ?"

"ಯೋಳಿದ್ರೆ ಕೊಡ್ತಿದ್ರಾ ಅತ್ತೆ?"

"ಕೊಡ್ದೆ? ಕಾಯ್ಲೆಯವ್ರಿಗೂ ಮಕ್ಳಿಗೂ ಯಾವ್ ಮೀಸ್ಲವ್ವ? ಮಾದಪ್ಪ ಅಷ್ಟೂ ತಿಳೀದೋನಾ?"

ಆಶಾರಾಣಿ ಪಾತ್ರೆಯೊಳಗೆ ನೋಡಿದಳು. ತಳದಲ್ಲಿ ಸೀದದ್ದು ಮಾತ್ರ ಉಳಿದಿತ್ತು. ಅಷ್ಟು ಹೊತ್ತಿಗೆ ಮುಳ್ಳೂರಿನಲ್ಲಿ ಅಪ್ಪ ಗಂಜಿ ಕುಡಿದು ಮಲಗಿಯಾಗಿತ್ತು.