ಜಪಾನಿನ ಗೆಳತಿಗೊಂದು ತರ್ಪಣ

ಮಹಾಲಯ ಅಮಾವಾಸ್ಯೆಯ ಬೆಳಿಗ್ಗೆ ವೇದಾವತಿಯಮ್ಮ ಉಟ್ಟ ಸೀರೆಯಲ್ಲೇ ತಲೆಗೆ ನೀರು ಹೊಯ್ದುಕೊಂಡು ಬಂದು ನಿಂತಾಗ ಮೊಮ್ಮಗಳು ಹಂಸಿನಿಗೆ ಗಾಬರಿಯಾಯಿತು.

"ಅಜ್ಜೀ, ಇದೆಂಥದ್ದು? ನೆಂಟರು ತೀರಿಕೊಂಡ ಹಾಗೆ!"

"ಮತ್ತೆ? ಸುದ್ದಿ ಹೇಳಿದ್ದು ನೀನೇ ಅಲ್ವಾ?"

ಪೊನ್ನಂಪೇಟೆಯ ಕಾಲೇಜಿನಿಂದ ರಜೆಗೆ ಮಡಿಕೇರಿಗೆ ಬಂದಿದ್ದ ಹುಡುಗಿ ಅರ್ಧ ಗಂಟೆಯ ಹಿಂದೆ ಫೋನಿನಲ್ಲಿ ಹುಡುಕಿ ಓದಿದ್ದಳು. ಜಪಾನಿನ ಹಳೆಯ ನಟಿ ಫುಮಿಕೊ ಅರಿಹಾರ ತೀರಿಕೊಂಡು ಎರಡು ತಿಂಗಳಾಗಿತ್ತು. ಎಂಬತ್ತೆಂಟು ವರ್ಷ. ತನ್ನವರು ಅಂತ ಯಾರೂ ಇರಲಿಲ್ಲ.

ಜಪಾನಿನಲ್ಲಿ ಹಳತಾದ ಚಿತ್ರಗಳು ಐವತ್ತು ವರ್ಷಗಳ ಹಿಂದೆ ಮಡಿಕೇರಿಯ ಟಾಕೀಸಿಗೆ ನಿಧಾನವಾಗಿ ಬಂದು ತಲುಪುತ್ತಿದ್ದವು. ಹೊಸದಾಗಿ ಟೀಚರ್ ಕೆಲಸಕ್ಕೆ ಸೇರಿದ್ದ ವೇದಾವತಿಯಮ್ಮ ಫುಮಿಕೊಳನ್ನು ಪರದೆಯ ಮೇಲೆ ಕಂಡದ್ದು ಅಲ್ಲೇ. ಒಂದರಲ್ಲಿ ಬೆಳ್ಳಿಯ ಉಡುಪು ತೊಟ್ಟು ಬೇರೆ ಗ್ರಹದಿಂದ ಇಳಿದು, ಸಮುದ್ರದಿಂದೆದ್ದ ದೈತ್ಯ ಪ್ರಾಣಿಯಿಂದ ಊರನ್ನು ಉಳಿಸಿ ತಾನು ಸಾಯುತ್ತಿದ್ದಳು. ಇನ್ನೊಂದರಲ್ಲಿ ಕಳ್ಳಸಾಗಣೆಯವರನ್ನು ಒದ್ದು ಕೆಡವುತ್ತಿದ್ದಳು. ವೇದಾವತಿಯಮ್ಮ ಅವಳಿಗೆ ಇಂಗ್ಲಿಷಿನಲ್ಲಿ ಬರೆದ ಕಾಗದಕ್ಕೆ ನಾಲ್ಕು ತಿಂಗಳಿಗೆ ಉತ್ತರ ಬಂತು. ಮಾಳಿಗೆಯಿಂದ ಜಿಗಿಯುವ ದೃಶ್ಯದಲ್ಲಿ ಮೊಣಕಾಲು ಮುರಿದು ತಾನು ಸಿನಿಮಾ ಬಿಟ್ಟು ವರ್ಷಗಳಾದವು ಎಂದಿತ್ತು ಅದರಲ್ಲಿ. ಅಲ್ಲಿಂದ ಪ್ರತಿ ಹೊಸ ವರ್ಷಕ್ಕೂ ಕಾಗದ. "ಹನ್ನೊಂದು ಚಿತ್ರಗಳಲ್ಲಿ ಸತ್ತಿದ್ದೇನೆ," ಎಂದು ಒಮ್ಮೆ ಬರೆದಿದ್ದಳು. "ಒಂದರಲ್ಲೂ ನನಗಾಗಿ ಅಳಲು ಯಾರಿಗೂ ಪುರುಸೊತ್ತಿಲ್ಲ. ಅಷ್ಟರಲ್ಲಿ ಇನ್ನೊಂದು ಪ್ರಾಣಿ ಬಂದಿರುತ್ತದೆ."

ಗಂಡ ಗಜಾನನ ಭಟ್ಟರು ದಕ್ಷಿಣಕ್ಕೆ ಮುಖ ಮಾಡಿ ತರ್ಪಣಕ್ಕೆ ಕುಳಿತಿದ್ದರು.

"ಇವರೇ, ಕಡೆಗೆ ಸ್ನೇಹಿತರಿಗೂ ನೀರು ಬಿಡ್ತೀರಲ್ಲ. ಅಲ್ಲಿ ಫುಮಿಕೊ ಹೆಸರು ಹೇಳಿ."

"ಮರುಳಾ ನಿನಗೆ? ಅದು ತರ್ಪಣ ಕೊಡುವವನ ಸ್ನೇಹಿತರಿಗೆ. ಅವಳು ನಿನ್ನ ಸ್ನೇಹಿತೆ. ಸುಳ್ಳು ಹೇಳಿ ಬಿಟ್ಟ ಎಳ್ಳು ಯಾರಿಗೂ ಮುಟ್ಟುವುದಿಲ್ಲ."

"ನಾನೇ ದರ್ಭೆ ಹಿಡಿಯುವ ಹಾಗಿದ್ದರೆ ನಿಮ್ಮನ್ನು ಕೇಳ್ತಿರಲಿಲ್ಲ. ಅವಳಿಗೆ ಬೇರೆ ಯಾರಿದ್ದಾರೆ ಹೇಳಿ."

ಭಟ್ಟರು ಮಂತ್ರ ಶುರು ಮಾಡಿದರು. ತಂದೆತಾಯಿಗೆ, ಅಜ್ಜಂದಿರಿಗೆ, ಮಾವನಿಗೆ, ಗುರುಗಳಿಗೆ ನೀರು ಬಿಟ್ಟರು. ಸ್ನೇಹಿತರ ಸರದಿ ಬಂದಾಗ ಕೈ ತಡೆಯಿತು.

"ಆ ಮೊಣಕಾಲಿಗೆ ಯಾವ ಎಣ್ಣೆ ತಿಕ್ಕಬೇಕು ಅಂತ ಬರೆಸಿದ್ದು ಯಾರೇ?" ಎಂದರು, ತಿರುಗದೆ.

"ನೀವು."

"ಚಳಿಗೆ ನೋವು ಹೇಗಿದೆ ಅಂತ ವರ್ಷವರ್ಷ ಕೇಳಿಸಿದ್ದು?"

"ನೀವೇ."

"ಅಜ್ಜ, ಆ ರಾಕ್ಷಸಿಯ ಕಾಗದ ಬಂತು ಅಂತ ತಮಾಷೆ ಮಾಡ್ತಿದ್ರಲ್ಲಾ!" ಎಂದಳು ಹಂಸಿನಿ.

"ಸುಮ್ಮನಿರು ಮಾರಾಯ್ತಿ. ಗೋತ್ರ ತಿಳಿಯದವರಿಗೆ ಕಾಶ್ಯಪ ಗೋತ್ರ." ಭಟ್ಟರು ಎಳ್ಳು ತೆಗೆದುಕೊಂಡರು. ನನ್ನ ಸಖಿ ಎಂದು ಮಂತ್ರದಲ್ಲಿ ಹೇಳಿ, ಆ ಪರದೇಶದ ಹೆಸರನ್ನು ಸೇರಿಸಿದರು.

ಹೆಬ್ಬೆರಳು, ತೋರುಬೆರಳುಗಳ ನಡುವಿನಿಂದ ಕರಿಎಳ್ಳಿನ ನೀರು ತಟ್ಟೆಗೆ ಇಳಿಯಿತು. ವೇದಾವತಿಯಮ್ಮ ಕೈಮುಗಿದರು. ದೇವರೇ, ಬಹಳ ದೂರದಿಂದ ಒಬ್ಬಳೇ ಬರುತ್ತಿದ್ದಾಳೆ. ಹತ್ತಿರ ಕೂರಿಸಿಕೋ, ಆ ಜೀವಕ್ಕೆ ತಂಪು ಕೊಡು.