ಏಳು ಒನ್ಸ್ ಮೋರ್

ವಿನೋದಿನಿ ತಾರಷಡ್ಜ ಹಿಡಿದಳೆಂದರೆ ಮುಂಬಯಿಯ ಕುರ್ಲಾದ ಬಳಿ ಲೋಕಲ್ ರೈಲು ತಾನಾಗಿಯೇ ನಿಲ್ಲುತ್ತಿತ್ತು. ಬಾಗಿಲಲ್ಲಿ ಜೋತುಬಿದ್ದವರೆಲ್ಲ ‘ಒನ್ಸ್ ಮೋರ್’ ಎಂದು ಕೂಗಿ, ಅವಳು ಇನ್ನೊಮ್ಮೆ ಹಾಡಿದ ಮೇಲೆಯೇ ಚಕ್ರ ಉರುಳುತ್ತಿತ್ತು. ಇದನ್ನು ಕಂಡವರು ಯಾರೂ ಇಲ್ಲ. ಹೇಳುತ್ತಿದ್ದವಳು ವಿನೋದಿನಿಯೇ, ಸಯನ್ನಿನ ಫ್ಲ್ಯಾಟಿನಲ್ಲಿ, ಗುರುಬಾಯಿಯ ಮಂಚದ ಅಂಚಿಗೆ ಕೂತು.

ಗುರುಬಾಯಿ ಒಂದು ಕಾಲಕ್ಕೆ ನಾಟಕ ಕಂಪನಿಯ ನಾಯಕಿ. ಉಡುಪಿ ಹೋಟೆಲಿನವರ ಮಗಳು ವಿನೋದಿನಿಗೆ ಸ್ವರ ಕಲಿಸಿ ರಂಗಕ್ಕೆ ಹತ್ತಿಸಿದವಳು. ಶಿಷ್ಯೆ ಅಲ್ಲಿಂದ ಸಿನಿಮಾಕ್ಕೆ ಹಾರಿದಳು. ಅರ್ಧ ಹಿಂದಿ ಚಿತ್ರರಂಗವನ್ನು ಹೆತ್ತವಳು ತಾನೇ ಎಂಬಷ್ಟು ತಾಯಿ ಪಾತ್ರಗಳು, ಆಮೇಲೆ ಸೀರಿಯಲ್ಲುಗಳಲ್ಲಿ ಕಿರುಚುವ ಅತ್ತೆ. ಈಗ ಗುರುಬಾಯಿಯದೇ ಹಳೆಯ ಪಾತ್ರ ಹಿಡಿದು ರಂಗಕ್ಕೆ ಮರಳಿದ್ದಳು. ಆ ಪಾತ್ರದ ಹಾಡನ್ನು ದಕ್ಕಿಸಿಕೊಂಡರೆ ತನ್ನ ತಂಬೂರಿ ಅವಳಿಗೇ ಎಂದು ಮುದುಕಿ ಮಾತು ಕೊಟ್ಟಿದ್ದಳು.

“ನಿಮ್ಮ ಹಾಡಿಗೆ ಏಳು ಒನ್ಸ್ ಮೋರ್ ಅಕ್ಕಾ. ಏಳನೇದಕ್ಕೆ ಥಿಯೇಟರಿನ ಸೀಲಿಂಗ್ ಫ್ಯಾನುಗಳೂ ನಿಂತು ಕೇಳಿದವು ಮಾರಾಯ್ರೆ.”

ಗುರುಬಾಯಿಯ ಕಾಲು ಒತ್ತುತ್ತಿದ್ದ ಶ್ರೇಯಾ ತಲೆ ಇನ್ನಷ್ಟು ತಗ್ಗಿಸಿದಳು. ಅವಳು ವಿನೋದಿನಿಯ ಶಿಷ್ಯೆ. ಯಾರಿಗೂ ಹೇಳಬೇಡ ಎಂದು ವಿನೋದಿನಿ ಅಂದಿದ್ದಕ್ಕೆ, “ಚಲೇಗಾ ಟೀಚರ್, ನಂಗೇನು ಪ್ರಾಬ್ಲಮ್ ಇಲ್ಲ” ಎಂದು ನಕ್ಕಿದ್ದಳು. ಆ ನಗು ವಿನೋದಿನಿಯ ಗಂಟಲಲ್ಲಿ ಮೀನಿನ ಮುಳ್ಳಿನಂತೆ ಸಿಕ್ಕಿಕೊಂಡಿತ್ತು. ನುಂಗಲೆಂದೇ ಅವಳು ಒಂದರ ಮೇಲೊಂದು ಬುರುಡೆ ಬಿಡುತ್ತಿದ್ದಳು.

ಗುರುಬಾಯಿ ತಂಬೂರಿಯ ಗವಸು ಬಿಚ್ಚಿ ಅದನ್ನು ವಿನೋದಿನಿಯ ಮಡಿಲಿಗಿಟ್ಟಳು.

“ಪಕ್ಕದ ಮನಿ ಮುರಿಗೆಪ್ಪ ನಿನ್ನ ನಾಟಕ ಫೋನಿನ್ಯಾಗ ತೋರಿಸಿದ. ಏಳಲ್ಲ, ಎರಡ ಸಲ ಒನ್ಸ್ ಮೋರ್ ಆತು. ಹಾಡು ಭಾಳ ಛಲೋ ಐತಿ.” ಬಿಚ್ಚಿದ ಗವಸನ್ನು ಮಡಚಿದಳು. “ಆದ್ರ ತಂಗಿ, ಒನ್ಸ್ ಮೋರ್ ಅಂದ್ರ ಅದ ಹಾಡು ಬ್ಯಾರೆ ಬಾಗಲಿಂದ ಬರಬೇಕು. ನಿಂದು ಮೂರೂ ಸಲ ಅಲ್ಲೇ ಉಸಿರು, ಅಲ್ಲೇ ಕಂಪ. ಮನಷ್ಯಾರು ಹಂಗ ಹಾಡೂದಿಲ್ಲ.”

ರೆಕಾರ್ಡ್ ಹಾಕಿದ್ದು ಹೌದು, ದನಿ ಮಾತ್ರ ನನ್ನದೇ ಎಂಬ ಮಾತು ವಿನೋದಿನಿಯ ನಾಲಗೆಯ ತುದಿಗೆ ಬಂದು ನಿಂತಿತು. ಅಷ್ಟು ಸಾಕಿತ್ತು, ತಂಬೂರಿ ಮಡಿಲಲ್ಲೇ ಉಳಿಯುತ್ತಿತ್ತು. ಕಾಲು ಒತ್ತುತ್ತಿದ್ದ ಕೈಗಳು ನಿಂತಿದ್ದವು.

“ನನ್ನ ಗಂಟಲು ಸತ್ತು ಎರಡು ವರ್ಷ ಆಯ್ತು ಅಕ್ಕಾ,” ಎಂದಳು. “ನಾನು ಬಾಯಿ ಆಡಿಸಿದ್ದು ಅಷ್ಟೇ. ಹಾಡಿದ್ದು ಇವಳು, ಶ್ರೇಯಾ. ಅವಳ ಹೆಸರು ಎಲ್ಲಿಯೂ ಹೇಳ್ಲಿಲ್ಲ ನಾನು.”

ಮಡಿಲಿನ ತಂಬೂರಿಯನ್ನು ಎತ್ತಿ ಮಂಚದ ಮೇಲಿಟ್ಟಳು. ಯಾರೂ ಮೀಟದ ತಂಬೂರಿ ಮೂವರ ನಡುವೆ ಅಡ್ಡವಾಗಿ ಮಲಗಿತ್ತು. ಕಿಟಕಿಯಾಚೆ ಲೋಕಲ್ ಬಂತು. ಅದು ಹಾದುಹೋಗುವಾಗ ತಂತಿಗಳು ತಾವಾಗಿಯೇ ಸಣ್ಣಗೆ ಮಿಡಿದವು. ರೈಲು ನಿಲ್ಲಲಿಲ್ಲ.