ಹಿಂಬಾಗಿಲಿನವನು

"ತಲೆ ಕಡೆ ಎತ್ರಿ! ತಲೆ ಕಡೆ!"

ನಡುಮನೆಯಿಂದ ಬೀದಿಬಾಗಿಲಿಗೆ ಹೋಗುವ ಇಕ್ಕಟ್ಟು ದಾರಿಯ ತಿರುವಿನಲ್ಲಿ ಶವಪೆಟ್ಟಿಗೆ ಸಿಕ್ಕಿಕೊಂಡಿತ್ತು. ಎರಡೂ ಗೋಡೆಗೆ ಸೊಂಟದೆತ್ತರ ಪುಸ್ತಕಗಳ ರಾಶಿ. ದುಡಿಯುವವರ ಮೇಲೆ ಬರೆದದ್ದು, ವಲಸೆ ಬಂದವರ ಮೇಲೆ ಬರೆದದ್ದು, ಮೈಬಣ್ಣ ನೋಡಿ ಮನುಷ್ಯರನ್ನು ತೂಗಿದವರ ಮೇಲೆ, ಆ ತೂಕವನ್ನೇ ನೆಚ್ಚಿ ಪಕ್ಷ ಕಟ್ಟಿದ ಪುಂಡರ ಮೇಲೆ ಬರೆದದ್ದು. ಬದುಕಿದ್ದಾಗ ಇತಿಹಾಸದ ಮೇಷ್ಟ್ರು ಒಂದು ಪುಸ್ತಕವನ್ನೂ ಅಲ್ಲಾಡಿಸಲು ಬಿಟ್ಟವರಲ್ಲ. ಈಗ ಅವೇ ಅವರಿಗೆ ದಾರಿ ಬಿಡಲೊಲ್ಲವು.

"ಹಿಂಬಾಗ್ಲಿದೆಯಲ್ಲಪ್ಪಾ," ಎಂದ ಪ್ರೆಸ್ಸಿನಲ್ಲಿ ಪುಸ್ತಕ ಹೊಲಿಯುತ್ತಿದ್ದ ಬೈಂಡರ್. "ಇವನನ್ನ ಮುಂದೆ ಬಿಡಿ. ದಾರಿ ಗೊತ್ತಿರೋನು."

ಇಬ್ಬರು ನಕ್ಕರು, ಆಮೇಲೆ ಸಾವಿನ ಮನೆ ಎಂದು ನೆನಪಾಗಿ ತಲೆ ತಗ್ಗಿಸಿದರು. ಅದೇ ಪ್ರೆಸ್ಸಿನಲ್ಲಿ ಅಚ್ಚಿನ ಮೊಳೆ ಜೋಡಿಸುತ್ತಿದ್ದ ಮುದುಕ ಪೆಟ್ಟಿಗೆಯ ಹಿಡಿಯಿಂದ ಕೈ ತೆಗೆಯಲಿಲ್ಲ. ಮೇಷ್ಟ್ರ ಪುಸ್ತಕಗಳ ಒಂದೊಂದು ಅಕ್ಷರವನ್ನೂ ಸೀಸದ ಮೊಳೆಯಲ್ಲಿ ಕೂರಿಸಿದ ಕೈ ಅದು. ಆದರೂ ಇಪ್ಪತ್ತೆಂಟು ವರ್ಷದಿಂದ ಪ್ರೆಸ್ಸಿನವರ ಬಾಯಲ್ಲಿ ಅವನ ಹೆಸರು 'ಹಿಂಬಾಗಿಲು'. ಅವನ ಹೆಂಡತಿ ತೀರಿಕೊಂಡಾಗಲೂ "ಹಿಂಬಾಗಿಲಿನ ಮನೆಯವಳು ಹೋದಳಂತೆ" ಎಂದೇ ಸುದ್ದಿ ಹಬ್ಬಿತ್ತು. ಬಂದವರು ಮೂವರು.

ಮೇಷ್ಟ್ರ ಮಗಳು ಪಕ್ಕಕ್ಕೆ ಬಂದಳು. "ಮಾಮ, ಮಣ್ಣು ಮುಗಿಸಿ ಹಾಗೇ ಹೋಗ್ಬಿಡ್ಬೇಡಿ. ಅಪ್ಪನ ಕೊನೇ ಪುಸ್ತಕದ ಕರಡಚ್ಚು ಬಂದಿದೆ. ನಿಮ್ಮ ಪ್ರೆಸ್ಸಿನ ಮುಷ್ಕರದ್ದೇ. ನೀವು ತಿದ್ದದೆ ಅಚ್ಚಿಗೆ ಕಳಿಸಬೇಡ ಅಂದಿದ್ರು."

ಮುದುಕ ಅವಳತ್ತ ತಿರುಗಿದ. ಹಾಗಾದರೆ ಬರೆದರು. ಕೊನೆಗೂ ಬರೆದರು.

*

ಇಪ್ಪತ್ತೆಂಟು ವರ್ಷದ ಹಿಂದೆ ಪುಂಡರು ಪ್ರೆಸ್ಸಿನ ಗಾಜು ಒಡೆದು, "ಹೊರಗಿನೋರನ್ನ ಓಡಿಸಿ" ಎಂದದ್ದೇ ತಡ, ಮಾಲೀಕ ಹೆದರಿ ವಲಸೆ ಬಂದಿದ್ದ ಅಣ್ಣತಮ್ಮಂದಿರಿಬ್ಬರನ್ನು ಕೆಲಸದಿಂದ ತೆಗೆದಿದ್ದ. ಅವರಿಗಾಗಿ ಪ್ರೆಸ್ಸಿಗೆ ಪ್ರೆಸ್ಸೇ ಕೆಲಸ ಬಿಟ್ಟು ಮುಂಬಾಗಿಲಲ್ಲಿ ಕೂತಿತು. ಹತ್ತನೆಯ ದಿನ ಮೇಷ್ಟ್ರು ಮೊಳೆ ಜೋಡಿಸುವವನ ಮನೆಗೆ ಬಂದರು.

"ಚುನಾವಣೆಗೆ ಮೂರೇ ವಾರ ಕಣಯ್ಯ. ಆ ಪುಂಡರ ಬಂಡವಾಳ ಎಲ್ಲಾ ಈ ಪುಸ್ತಕದಲ್ಲಿದೆ. ನಾನು ಓದ್ತೀನಿ, ನೀನು ಜೋಡಿಸು."

"ನಮ್ಮೋರೆಲ್ಲ ಬಾಗ್ಲಲ್ಲಿ ಕೂತಿದ್ದಾರೆ, ಮೇಷ್ಟ್ರೇ."

"ಹಿಂದೆ ಇನ್ನೊಂದು ಬಾಗ್ಲಿದೆಯಲ್ಲ?"

ಅವನು ಎದ್ದು ಮನೆಯ ಕದ ಮುಚ್ಚಿ ಬಂದ.

"ನಾನೇ ಕರೆದದ್ದು ಅಂತ ನನ್ನ ಕೈಯಾರೆ ಬರೀತೀನಿ. ಅಲ್ಲಿವರೆಗೂ ಬಾಯಿ ಬಿಡಬೇಡ, ಪುಸ್ತಕದ ಮಾನ ಹೋಗುತ್ತೆ."

ಎಂಟು ದಿನ ಇಬ್ಬರೂ ಹಿಂಬಾಗಿಲಿನಿಂದಲೇ ಹೋದರು. ಮೇಷ್ಟ್ರು ಕೋಟಿನ ಕಾಲರು ಎತ್ತಿಕೊಂಡು ಮೊದಲೇ ಒಳಗಿರುತ್ತಿದ್ದರು. ಮುಷ್ಕರದವರ ಕಣ್ಣಿಗೆ ಬಿದ್ದದ್ದು ಅವನು ಮಾತ್ರ. ಅವರು ಓದುವರು, ಇವನು ಕೇಳುತ್ತ ಜೋಡಿಸುವನು. ಚಿಕ್ಕಂದಿನಲ್ಲಿ ತಾಯಿ ಪದ್ಯ ಹೇಳುವಾಗ ಕಣ್ಣು ಮುಚ್ಚಿ ಕೇಳಿ ಪಳಗಿದ ಕಿವಿ. ಒಳ್ಳೆಯ ಸಾಲು ಬಿದ್ದರೆ ಸಾಕು, ಕೈ ತಾನಾಗಿ ನಡೆಯುತ್ತಿತ್ತು. ದುಡಿಯುವವನು ದುಡಿಯುವವನ ಕೈ ಬಿಡಬಾರದೆಂಬ ಸಾಲಿಗೆ ಮೊಳೆ ಆರಿಸುವಾಗ ಹೊರಗಿನಿಂದ ಗೆಳೆಯರ ಕೂಗು ಕೇಳುತ್ತಿತ್ತು.

ಮಾಲೀಕ ಯಂತ್ರ ತಿರುಗಿಸಿದ. ಆ ಸದ್ದಿಗೇ ಮುಷ್ಕರ ಮುರಿದು, ಹೊರಗೆ ಕೂತವರು ಒಬ್ಬೊಬ್ಬರಾಗಿ ಎದ್ದರು. ಅಣ್ಣತಮ್ಮಂದಿರು ಊರು ಬಿಟ್ಟರು. ಪುಸ್ತಕ ಬಂತು. ಬಹುಮಾನ ಬಂತು. ಚುನಾವಣೆಯಲ್ಲಿ ಪುಂಡರೂ ಗೆದ್ದು ಬಂದರು.

ಎರಡನೆಯ ಮುದ್ರಣದ ಮುನ್ನುಡಿಯಲ್ಲಿ ಅವನು ಹುಡುಕಿದ. ಮೂರನೆಯದರಲ್ಲೂ ಹುಡುಕಿದ. "ಮುಂದಿನದರಲ್ಲಿ ಕಣಯ್ಯ," ಎನ್ನುತ್ತಿದ್ದರು ಮೇಷ್ಟ್ರು.

*

ಮಣ್ಣು ಹಾಕಿದ ಮೇಲೆ ಪ್ರೆಸ್ಸಿನವರ ಸಂಘದ ಕಾರ್ಯದರ್ಶಿ ಭಾಷಣ ಮಾಡಿದ. ನಮ್ಮ ಮುಷ್ಕರಕ್ಕೆ ದನಿಯಾದವರು, ಎಂದ. ಬೈಂಡರ್ ಕೈ ಒರೆಸಿಕೊಳ್ಳುತ್ತ ಮುದುಕನ ಬಳಿ ಬಂದು ನಿಂತ.

"ಇವತ್ತಾದ್ರೂ ಹೇಳೋ. ಮಾಲೀಕ ಏನು ಕೊಟ್ಟ ನಿನಗೆ?"

"ಏನೂ ಕೊಡಲಿಲ್ಲ."

"ಹಾಗಾದ್ರೆ ಪುಕ್ಕಟೆ ಮಾರಿಕೊಂಡ್ಯಾ?"

"ಮೇಷ್ಟ್ರ ಮನೆಗೆ ಬಾ ನನ್ನ ಜೊತೆ. ಅವರೇ ಹೇಳ್ತಾರೆ."

"ಲೋ, ಈಗಷ್ಟೇ ಮಣ್ಣು ಹಾಕಿದ್ವಲ್ಲೋ!"

ಆದರೂ ಬಂದ. ಇಪ್ಪತ್ತೆಂಟು ವರ್ಷದ ಮೇಲೆ ಇಬ್ಬರೂ ಒಂದೇ ಬೆಂಚಿನ ಮೇಲೆ ಕೂತರು. ಮಗಳು ಕರಡಚ್ಚಿನ ಕಟ್ಟು ಬಿಚ್ಚಿ, ಮುಷ್ಕರದ ಅಧ್ಯಾಯ ತೆಗೆದು, ಕೆಂಪು ಪೆನ್ನಿನ ಜೊತೆ ಅವನ ತೊಡೆಯ ಮೇಲಿಟ್ಟಳು.

ಅವನು ಬೆರಳಿಟ್ಟು ಓದಿದ. ಒಡೆದ ಗಾಜು ಇತ್ತು. ಅಣ್ಣತಮ್ಮಂದಿರಿದ್ದರು. ಬೈಂಡರನ ಹೆಸರೂ ಇತ್ತು. ಆಮೇಲೆ ಆ ಸಾಲು ಬಂತು: 'ಹನ್ನೊಂದನೆಯ ದಿನ ಒಬನು ಹಿಂಬಾಗಿಲಿನಿಂದ ಒಳಹೊಕ್ಕನು. ಏಕೆಂಬುದಕ್ಕೆ ದಾಖಲೆಗಳಿಲ್ಲ.'

ಹಾಳೆ ತಿರುವಿದ. ಇನ್ನೊಂದು ತಿರುವಿದ. ಅಧ್ಯಾಯ ಮುಗಿದಿತ್ತು. ಮತ್ತೆ ಅದೇ ಪುಟಕ್ಕೆ ಬಂದ.

"ಏನಂತಾರೋ ಮೇಷ್ಟ್ರು?" ಬೈಂಡರ್ ಕೇಳಿದ. ದನಿಯಲ್ಲಿ ಈಗ ಕುಹಕವಿರಲಿಲ್ಲ. ಕುಹಕಕ್ಕಿಂತ ಅದನ್ನು ತಡೆಯುವುದೇ ಮುದುಕನಿಗೆ ಕಷ್ಟವಾಯಿತು.

ಅವನು ಕೆಂಪು ಪೆನ್ನು ಕೈಗೆತ್ತಿಕೊಂಡ.

"ತಪ್ಪಿದೆಯಾ ಮಾಮ?" ಎಂದಳು ಮಗಳು.

"ಒಂದಿದೆ."

"ಒಂದೇನಾ?"

"ಒಂದೇ ತಾಯಿ."

ಅವನು ಪೆನ್ನಿನ ಮುಚ್ಚಳ ತೆಗೆದ. ಹಾಳೆಯನ್ನು ಬೆಳಕಿಗೆ ಓರೆ ಮಾಡಿ, 'ಒಬನು' ಎಂಬಲ್ಲಿ 'ಬ'ದ ಕೆಳಗೆ, ಮೊಳೆ ಕೂರಿಸುವಷ್ಟೇ ಜೋಪಾನವಾಗಿ, ಬಿಟ್ಟುಹೋಗಿದ್ದ ಪುಟ್ಟ ಒತ್ತನ್ನು ಇಟ್ಟ. ಒಬ್ಬನು. ಕೆಂಪು ಶಾಯಿ ಹರಡಬಾರದೆಂದು ಬಗ್ಗಿ, ಅದರ ಮೇಲೆ ಮೆಲ್ಲಗೆ ಊದಿದ.